ಮಾಳವ್ವನ ರಜೆ

"ಏ ಎಮ್ಮಿ, ಗುಳಗಿ ನುಂಗಿದ್ಯೋ ಇಲ್ಲೋ? ಬಾಯಿ ತಗಿ, ನೋಡ್ತೀನಿ."

ಮಾಳವ್ವ ಬಾಯಿ ತೆಗೆದಳು. ಬ್ಯಾಂಕ್ ಆಫೀಸರರ ಹೆಂಡತಿ ಮೃದುಲಾಬಾಯಿ, ಸಂತೆಯಲ್ಲಿ ಎತ್ತಿನ ಹಲ್ಲು ನೋಡುವವರ ಹಾಗೆ ಬಗ್ಗಿ ನೋಡಿದರು. ಗುಳಿಗೆ ನಾಲಗೆಯ ಅಡಿಯಲ್ಲಿತ್ತು. ಬಾಯಿಯವರು ಒಳಗೆ ಹೋದದ್ದೇ ತಡ, ಅದನ್ನು ಮನಿಪ್ಲಾಂಟಿನ ಬುಡಕ್ಕೆ ಉಗುಳಿದಳು. ಈ ವಾರವೆಲ್ಲ ಅಲ್ಲಿಯೇ ಉಗುಳಿದ್ದಳು. ಆ ಬಳ್ಳಿ ಆಮೇಲೆ ಒಂದು ಎಲೆಯನ್ನೂ ಬಿಡಲಿಲ್ಲವಂತೆ.

ಬಿಜಾಪುರದ ಕಡೆಯಿಂದ ನಾಸಿಕಕ್ಕೆ ಬಂದು ಮನೆಗೆಲಸಕ್ಕೆ ನಿಂತ ಮಾಳವ್ವನಿಗೆ ಬದುಕಿನಲ್ಲಿ ಸಿಕ್ಕಿದ್ದು ಒಂದೇ ರಜೆ. ಮುಟ್ಟಾದ ಮೂರು ದಿನ ಯಾವ ಮನೆಯವರೂ ಅವಳನ್ನು ಹೊಸ್ತಿಲು ದಾಟಗೊಡುತ್ತಿರಲಿಲ್ಲ. ಅವಳು ಖೋಲಿಯಲ್ಲಿ ಕಾಲು ಚಾಚಿ ಮಲಗುತ್ತಿದ್ದಳು. ಆಮೇಲೆ ಮುಟ್ಟು ಮುಂದೂಡುವ ಗುಳಿಗೆ ಬಂತು. "ಇದು ಹೆಣ್ಣಿನ ಸ್ವಾತಂತ್ರ್ಯ" ಎಂದು ಮೃದುಲಾಬಾಯಿ ಮಹಿಳಾ ಮಂಡಳದ ಮೈಕಿನಲ್ಲಿ ಹೇಳಿದರು. ನೆರೆಮನೆಯ ಅಲಕಾಬಾಯಿ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದರು. ಅಂದಿನಿಂದ ಹಬ್ಬ ಬಂದಾಗಲೆಲ್ಲ ಸ್ವಾತಂತ್ರ್ಯ ಮಾಳವ್ವನ ಗಂಟಲಿಗೂ ಇಳಿಯಿತು. ತಲೆ ತಿರುಗಿತು, ವಾಂತಿಯಾಯಿತು, ಕೊನೆಗೆ ಮುಟ್ಟು ಬಂದಾಗ ನಲ್ಲಿ ಬಿಟ್ಟ ಹಾಗೆ ಬಂತು. ಹಬ್ಬಗಳು ಮಾತ್ರ ಮುಗಿಯಲೇ ಇಲ್ಲ.

ಇವತ್ತು ಚೈತ್ರಗೌರಿಯ ಅರಿಷಿಣ-ಕುಂಕುಮ.

"ಬಾಯಾರ, ನಡಾ ಮುರದೈತ್ರೀ. ಬ್ಯಾಳಿ ಮಿಕ್ಸರಿಗಿ ಹಾಕ್ರೆಲಾ."

"ಮಿಕ್ಸರ್ ಬಿಸಿ ಆಗೇದ, ಆರ್ಲಿ ಪಾಪ. ನೀ ರುಬ್ಬು, ಮೈಗಳ್ಳಿ."

ಮಿಕ್ಸರ್ ಆರಿತು. ಮಾಳವ್ವ ಅಂಬೆಡಾಳಕ್ಕೆಂದು ನೆನೆದ ಕಡಲೆಬೇಳೆ, ಮಾವಿನಕಾಯಿ ಸೇರಿಸಿ ಒರಳಿನಲ್ಲಿ ರುಬ್ಬಿದಳು.

ಸಂಜೆ ಹಾಲ್ ತುಂಬ ಜರಿಸೀರೆಗಳು. ಗೌರಿಗೆ ನೈವೇದ್ಯವಾದ ಮೇಲೆ ಬಟ್ಟಲುಗಳು ಹಂಚಿಹೋದವು.

"ಅಂಬೆಡಾಳ ಏಕದಮ್ ಮಸ್ತ ಆಗೇದರೀ!" ಅಲಕಾಬಾಯಿ ಮತ್ತೊಮ್ಮೆ ಹಾಕಿಸಿಕೊಂಡರು. "ಯಾರ ಕೈರುಚಿ?"

"ನಂದs, ಮತ್ಯಾರದು?" ಎಂದರು ಮೃದುಲಾಬಾಯಿ.

ಬಾಗಿಲಲ್ಲಿ ನಿಂತಿದ್ದ ಮಾಳವ್ವ ಅಂದಳು: "ಅಲ್ರೀ ಯವ್ವಾ, ನಂದು. ರುಬ್ಬಿದಾಕಿ ನಾನು, ಗೌರಿ ತಾಟ ತುಂಬಿದಾಕೀನೂ ನಾನು. ಮುಂಜಾನಿನs ಹೊರಗಾಗೀನಿ."

ಚಮಚಗಳು ನಿಂತವು. ಅಲಕಾಬಾಯಿಗೆ ಬಾಯಲ್ಲಿದ್ದದ್ದನ್ನು ನುಂಗಲೂ ಆಗಲಿಲ್ಲ, ಉಗುಳಲೂ ಆಗಲಿಲ್ಲ.

"ಹಲ್ಕಟ್ ರಂಡೆ!" ಮೃದುಲಾಬಾಯಿ ಕೈ ಎತ್ತಿ ನುಗ್ಗಿದರು.

ಮಾಳವ್ವ ಕೆನ್ನೆ ಮುಂದೆ ಮಾಡಿದಳು. "ಮುಟ್ರೀ, ಬಾಯಾರ."

ಕೈ ಮೇಲೆಯೇ ಉಳಿಯಿತು.

ಮಾಳವ್ವ ನಡುಹಾಲಿಗೆ ಬಂದು, ಫ್ಯಾನಿನ ಕೆಳಗೆ, ಜಮಖಾನೆಯ ಮೇಲೆ ಕಾಲು ಚಾಚಿ ಮಲಗಿದಳು. ಸ್ವಾತಂತ್ರ್ಯಕ್ಕೆ ಚಪ್ಪಾಳೆ ತಟ್ಟಿದವರೆಲ್ಲ ನಿರಿಗೆ ಎತ್ತಿಕೊಂಡು ಗೋಡೆಗೆ ಒತ್ತಿ ನಿಂತರು. ಬಾಗಿಲಿಗೆ ಹೋಗಬೇಕೆಂದರೆ ಅವಳನ್ನು ದಾಟಬೇಕು, ಎಬ್ಬಿಸಬೇಕೆಂದರೆ ಮುಟ್ಟಬೇಕು. ಮಾಳವ್ವ ಆಗಲೇ ಗೊರಕೆ ಹೊಡೆಯುತ್ತಿದ್ದಳು.