ಕೊನೇ ಬೆಂಚಿನವರೆಗೆ

ಬಟ್ಟೆ ಗಿರಣಿಯ ಹಿಂದಿನ ಗೋದಾಮಿನಲ್ಲಿ ನಾಟಕ ಕಲಿತವರಿಗೆ ಎರಡು ಚಟ ಅಂಟಿಕೊಳ್ಳುತ್ತವೆ. ಮಾತನ್ನು ಕೊನೇ ಬೆಂಚಿನವರೆಗೆ ಎಸೆಯುವುದು ಒಂದು. ತಮ್ಮದಲ್ಲದ ಮಾತನ್ನೂ ಬಾಯಿಪಾಠ ಮಾಡಿಕೊಳ್ಳುವುದು ಇನ್ನೊಂದು. ಆಡುವವರೆಲ್ಲ ಗಿರಣಿ ಕೆಲಸದವರ ಮಕ್ಕಳು, ವಯಸ್ಸಿಗೆ ಬಂದವರು ಆಗಲೇ ತಾವೂ ಒಳಗೆ ಸೇರಿಕೊಂಡವರು. ರಾಜನಾದವನಿಗೆ ನಾಟಕದ ಸಂಜೆಯೇ ಓವರ್‌ಟೈಮ್ ಬೀಳಬಹುದು. ಆಗ ಬಾಗಿಲು ಕಾಯುವ ಭಟನೇ ಸಿಂಹಾಸನ ಹತ್ತಬೇಕು. ಹಾಗಾಗಿ ಎಲ್ಲರ ಮಾತೂ ಎಲ್ಲರಿಗೂ ಬರಬೇಕು. ವೇದಿಕೆಯ ಮೇಲೆ ಒಬ್ಬರು ಮರೆತು ನಿಂತರೆ ಪಕ್ಕದವರು ಮಾತು ಎತ್ತಿಕೊಡಬೇಕು. ಎತ್ತಿಕೊಟ್ಟವರು ಬೀಗಬಾರದು, ಮರೆತವರು ನಾಚಬಾರದು, ಮರುದಿನ ಯಾರೂ ಆ ಸುದ್ದಿ ತೆಗೆಯಬಾರದು. ಇದು ಗೋದಾಮಿನ ಕಾನೂನು. ಹೊರಗಿನ ಲೋಕದಲ್ಲಿ ಇದಕ್ಕೆ ಹರಿದ ಚೀಲದ ಬೆಲೆಯೂ ಇಲ್ಲವೆಂದು ಅಲ್ಲಿ ಯಾರೂ ಹೇಳಿಕೊಟ್ಟಿರಲಿಲ್ಲ.

ಆ ಗೋದಾಮಿನಲ್ಲಿ ಬೆಳೆದವಳು ತುತ್ತೂರಿ. ಅವಳ ದನಿ ನೋಡಿ ಮಕ್ಕಳು ಇಟ್ಟ ಹೆಸರು. ಮನೆಯಲ್ಲೂ ಅದೇ ನಿಂತಿತು. ದನಿ ಹಾಗಾಗಿದ್ದಕ್ಕೆ ಕಾರಣ ಅಮ್ಮ. ಗಿರಣಿಯ ಮಗ್ಗಗಳ ಸದ್ದಿನಲ್ಲಿ ಅರ್ಧ ಆಯಸ್ಸು ಕಳೆದ ಅಮ್ಮನಿಗೆ ಕಿವಿ ಮಂದ. ಕಂಪನಿಯ ಡಾಕ್ಟರ್ ಟಾರ್ಚ್ ಬಿಟ್ಟು ನೋಡಿ, ಗುಗ್ಗೆ ತುಂಬಿದೆ, ತೆಗೆಸ್ಕೊಳ್ಳಿ ಎಂದು ಹೇಳಿ ಕೈ ತೊಳೆದುಕೊಂಡಿದ್ದ. ಲೋಕದ ದನಿಗಳಲ್ಲಿ ಅಮ್ಮನ ಕಿವಿಗೆ ನೇರವಾಗಿ ಇಳಿಯುತ್ತಿದ್ದದ್ದು ಮಗಳದ್ದೊಂದೇ.

ಹಾಗೆಂದು ಅಮ್ಮನಿಗೆ ಮಾತಿನ ಬರಗಾಲವೇನೂ ಇರಲಿಲ್ಲ. ಮಗ್ಗದ ಸಾಲಿನ ಹೆಂಗಸರೆಲ್ಲ ಅವಳಂತೆಯೇ ಕಿವಿ ಮಂದವಾಗಿ, ತುಟಿ ನೋಡಿಯೇ ಮಾತಾಡಿಕೊಳ್ಳುವವರು. ಸದ್ದು ಹೊರಡಿಸದೆ ತುಟಿ ಅಲ್ಲಾಡಿಸಿದರೆ ಸಾಕು, ಆಚೆ ಸಾಲಿನವಳಿಗೆ ಮಗುವಿನ ಜ್ವರದಿಂದ ಹಿಡಿದು ಸೂಪರ್‌ವೈಸರನ ಹೊಸ ಪ್ಯಾಂಟಿನವರೆಗೆ ಎಲ್ಲ ತಲುಪುತ್ತಿತ್ತು. ಅವನ ಎದುರಿಗೇ ನಿಂತು ಅವನ ಮಾನ ಹರಾಜು ಹಾಕಿ, ಅವನನ್ನೇ ನೋಡಿ ನಗುತ್ತಿದ್ದರು. ಆ ಮಹಾನುಭಾವ, ನನ್ನ ಕಂಡ್ರೆ ಇವರಿಗೆ ಎಷ್ಟು ವಿಶ್ವಾಸ ಅಂದುಕೊಂಡು ತಾನೂ ಹಲ್ಲು ಕಿರಿಯುತ್ತಿದ್ದ.

ಇಂಥ ಗೋದಾಮಿಗೆ ಒಂದು ಸಂಜೆ ಸಿನಿಮಾ ನಿರ್ದೇಶಕ ಬಂದ. ಗಿರಣಿ ಹೆಂಗಸರ ಬದುಕಿನ ಮೇಲೆ ಚಿತ್ರ ತೆಗೆಯುವವನಂತೆ. ಗಿರಣಿಯ ವಾಸನೆ ಬೇಕು ಎಂದು ಬಂದವನು ಮೂಗಿನ ಮೇಲಿಂದ ಕರ್ಚೀಫು ಇಳಿಸಲಿಲ್ಲ. ತುತ್ತೂರಿಯ ನಾಟಕ ಅರ್ಧ ನೋಡಿ, ಉಳಿದರ್ಧ ಫೋನಿನಲ್ಲಿ ಕಳೆದು, ಕೊನೆಗೆ ಅವಳ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದ.

"ಏನ್ ಮುಖ ರೀ ಇದು! ಮೇಕಪ್ಪೇ ಬೇಡ. ಬಡತನ ತಾನಾಗೇ ಉಕ್ಕಿ ಬರುತ್ತೆ."

ಹೊಗಳಿದ್ದಾನೆಂದು ತಿಳಿದು ನಾಟಕ ಕಲಿಸುವ ಮೇಷ್ಟ್ರು ಕೈ ಮುಗಿದರು. ಇದೇ ಮೇಷ್ಟ್ರು ಹಿಂದಿನ ವಾರವಷ್ಟೇ, ಸಿನಿಮಾ ಅಂದ್ರೆ ನಟನೆಯ ಸ್ಮಶಾನ, ಅತ್ತ ಕಾಲಿಟ್ಟವರು ನನ್ನ ಪಾಲಿಗೆ ಸತ್ತ ಹಾಗೆ ಎಂದು ಮಕ್ಕಳೆದುರು ಗುಡುಗಿದ್ದರು. ಸ್ಮಶಾನದ ಬಾಗಿಲು ತೆರೆದದ್ದೇ ಚಪ್ಪಲಿ ಬಿಟ್ಟು ಒಳಗೆ ಹೋಗಲು ತಯಾರಾದರು.

ಕೊನೇ ಬೆಂಚಿನಿಂದ ಅಮ್ಮ ಎದ್ದು ಬಂದಳು. "ಇವಳ ದನಿ ಇರುತ್ತೇನು ಅದರಲ್ಲಿ? ಇಲ್ಲಾ ಬೇರೆಯವರ ಪಿಸುಪಿಸು ಹಾಕ್ತೀರಾ?"

"ದನಿಯೇ ಬಂಡವಾಳ ಅಮ್ಮಾ. ಮಣ್ಣಿನ ದನಿ! ಅದನ್ನ ಬಿಡ್ತೀವಾ?" ನಿರ್ದೇಶಕ ಎದೆ ಮುಟ್ಟಿಕೊಂಡ.

"ಎದೆ ಬಿಡಪ್ಪ, ಬಾಯಲ್ಲಿ ಹೇಳು."

"ಇವಳ ದನಿಯೇ ಇರುತ್ತೆ."

ಅಮ್ಮ ಅವನ ತುಟಿಯನ್ನೇ ನೋಡಿ ತಲೆಯಾಡಿಸಿದಳು. ಮನೆಗೆ ಬಂದ ಮೇಲೆ ಮಗಳಿಗೆ ಹೇಳಿದ್ದಿಷ್ಟೇ: "ಹೋಗು. ಆದ್ರೆ ಥಿಯೇಟರಲ್ಲಿ ಕೂತಾಗ ನೀನು ನನಗೆ ಕೇಳಿಸ್ಬೇಕು. ನಿನ್ನ ಮುಖ ನೋಡೋಕೆ ಟಿಕೆಟ್ ಯಾಕೆ ತಗೊಳ್ಳಿ, ಮನೇಲೇ ಇದೆಯಲ್ಲ."

ಚಿತ್ರೀಕರಣಕ್ಕೆ ಗಿರಣಿಯೊಂದನ್ನು ಹಲಗೆಯಲ್ಲಿ ಕಟ್ಟಿದ್ದರು. ನಿಜವಾದ ಗಿರಣಿಗಿಂತ ಅದೇ ಸ್ವಚ್ಛ. ಮಗ್ಗಗಳು ಸದ್ದು ಮಾಡುತ್ತಿರಲಿಲ್ಲ, ಆಮೇಲೆ ಹಾಕಿಕೊಳ್ಳುತ್ತಾರಂತೆ. ಹೆಂಗಸರ ಸೆರಗಿಗೆ ಹುಡುಗನೊಬ್ಬ ಬ್ರಷ್ಷಿನಲ್ಲಿ ಬೆವರು ಬಳಿಯುತ್ತಿದ್ದ. ತುತ್ತೂರಿ ಬೆಳಗಿನಿಂದ ಕುರ್ಚಿಯ ತುದಿಯಲ್ಲಿ ಕೂತು, ತನ್ನ ಮಾತು, ಹೀರೋನ ಮಾತು, ಖಳನಾಯಕನ ಮಾತು, ಕೊನೆಗೆ ಟೀ ತರುವ ಮುದುಕನ ಒಂದೇ ಒಂದು ಮಾತನ್ನೂ ಬಾಯಿಪಾಠ ಮಾಡಿಕೊಂಡಳು.

ಮಧ್ಯಾಹ್ನ ದಾಟಿದ ಮೇಲೆ ಹೀರೋ ಬಂದ. ಅವನ ಮುಂದೊಬ್ಬ, ಹಿಂದೊಬ್ಬ, ಕೊಡೆ ಹಿಡಿಯಲೊಬ್ಬ. ಒಳಾಂಗಣದಲ್ಲೂ ಕೊಡೆ ಮಡಿಸಲಿಲ್ಲ. ಆ ದಿನ ಅವನದು ದೊಡ್ಡ ಭಾಷಣ: ಹೆಂಗಸರನ್ನೆಲ್ಲ ಒಟ್ಟು ಸೇರಿಸಿ ಮಾಲೀಕನ ವಿರುದ್ಧ ಎಬ್ಬಿಸುವುದು. ಕೇಳುತ್ತ ಕೇಳುತ್ತ ತುತ್ತೂರಿ ಅಳಬೇಕು. ದೀಪ ಹತ್ತಿತು. ಹೀರೋ ಮುಷ್ಟಿ ಎತ್ತಿದ, ಕತ್ತಿನ ನರ ಉಬ್ಬಿಸಿದ, ಕಣ್ಣು ಕೆಂಪಗೆ ಮಾಡಿದ.

"ಒಂದು! ಎರಡು ಮೂರು ನಾಲ್ಕು! ಐದು, ಆರು... ಏಳು ಎಂಟು ಒಂಬತ್ತು ಹತ್ತು!"

ತುತ್ತೂರಿ ಬೆಚ್ಚಿದಳು. ಯಾರೂ ನಗಲಿಲ್ಲ. ಹನ್ನೊಂದರಲ್ಲಿ ಹೀರೋನ ಗಂಟಲು ಗದ್ಗದವಾಯಿತು, ಹದಿನಾರರಲ್ಲಿ ಎದೆ ಬಡಿದುಕೊಂಡ, ಇಪ್ಪತ್ತರಲ್ಲಿ ಹೆಂಗಸರು ಚಪ್ಪಾಳೆ ತಟ್ಟಿದರು. ಮಾತು ಕಲಿಯುವುದು ದೊಡ್ಡವರ ಕೆಲಸವಲ್ಲವಂತೆ. ಅವರು ಎಣಿಸಿ ಹೋಗುತ್ತಾರೆ, ಆಮೇಲೆ ಸ್ಟುಡಿಯೋದಲ್ಲಿ ಚೀಟಿ ನೋಡಿ ಓದಿ, ತುಟಿಗೆ ಹೊಂದಿದಷ್ಟು ಹೊಂದಿಸುತ್ತಾರೆ. ಉಪವಾಸದವರ ಸಿಟ್ಟನ್ನು ಅಂಕಿಯಲ್ಲಿ ಕಕ್ಕಿ, ಕೊಡೆಯ ಕೆಳಗೆ ಹೊರಟುಹೋಗುವ ಈ ವಿದ್ಯೆಗೆ ಪತ್ರಿಕೆಯವರು ಅಮೋಘ ಅಭಿನಯವೆಂದು ಬರೆಯುತ್ತಾರೆ.

"ಕಟ್! ಏಯ್ ಹುಡುಗಿ, ನಿನ್ನ ತುಟಿ ಯಾಕೆ ಅಲ್ಲಾಡ್ತಿದೆ?" ಸಹಾಯಕ ನಿರ್ದೇಶಕ ಕೂಗಿದ.

"ಮರೆತುಬಿಟ್ರೇನೋ ಅಂತ, ಎತ್ತಿಕೊಡೋಣ ಅಂತ..."

"ಎತ್ತಿಕೊಡೋಕೆ ನೀನ್ಯಾರೇ? ಸುಮ್ನೆ ಅಳು."

ಅತ್ತಳು. ಇಪ್ಪತ್ತೊಂದಕ್ಕೂ ಅತ್ತಳು, ಇಪ್ಪತ್ತೆರಡಕ್ಕೂ ಅತ್ತಳು. ಅವಳ ಮನಸ್ಸಿನಲ್ಲಿ ಕೇಳುತ್ತಿದ್ದದ್ದು ಬಾಯಿಪಾಠವಾಗಿದ್ದ ಆ ನಿಜವಾದ ಮಾತು. ತನ್ನ ಸರದಿ ಬಂದಾಗ ತನ್ನ ಮಾತುಗಳನ್ನು ಒಂದಕ್ಷರ ಬಿಡದೆ, ಕೊನೇ ಬೆಂಚಿನವರೆಗೆ ಆಡಿದಳು. ಮನೆಗೆ ಹೋಗಿ ಎಣಿಕೆಯ ಸುದ್ದಿ ಯಾರಿಗೂ ಹೇಳಲಿಲ್ಲ. ಮರೆತವರ ಸುದ್ದಿ ಎತ್ತಬಾರದಲ್ಲ! ಇಂಥವನಿಗೂ ಗೋದಾಮಿನ ಮರ್ಯಾದೆ ಕೊಟ್ಟ ಪುಣ್ಯಾತ್ಗಿತ್ತಿ ಅವಳು.

ಚಿತ್ರ ಮುಗಿಯುತ್ತ ಬಂದಾಗ ಪತ್ರಕರ್ತರನ್ನು ಕರೆದರು. ಹೋಟೆಲಿನ ದೊಡ್ಡ ಹಾಲು, ನೆಲಕ್ಕೆ ಕೆಂಪು ಹಾಸು, ತಟ್ಟೆ ತುಂಬ ಬಿಸ್ಕತ್ತು. ಹೀರೋನ ಪಕ್ಕದ ಕುರ್ಚಿಯಲ್ಲಿ ತುತ್ತೂರಿಯನ್ನೂ ಕೂರಿಸಿದ್ದರು. ಬಿಸ್ಕತ್ತು ಮುಗಿದ ಮೇಲೆ ಯಾರೋ ಒಬ್ಬ, ಸಾರ್, ಆ ಭಾಷಣದ ನಾಲ್ಕು ಸಾಲು ಇಲ್ಲೇ ಆಡಿ ತೋರಿಸ್ಬಹುದಾ ಅಂದ. ಚಪ್ಪಾಳೆ ಬಿತ್ತು. ತಪ್ಪಿಸಿಕೊಳ್ಳಲು ದಾರಿ ಇರಲಿಲ್ಲ. ಹೀರೋ ಎದ್ದು ಮುಷ್ಟಿ ಎತ್ತಿದ.

"ಅಕ್ಕಂದಿರೇ..."

ಮುಷ್ಟಿ ಮೇಲೆ ನಿಂತೇ ಇತ್ತು. ಹಣೆಯಲ್ಲಿ ಬೆವರು ಒಡೆಯಿತು, ಬ್ರಷ್ಷಿನದ್ದಲ್ಲ.

ಗೋದಾಮಿನ ಮಕ್ಕಳು ಮಾತ್ರ ಮಾಡಬಲ್ಲ ತಪ್ಪನ್ನು ತುತ್ತೂರಿ ಮಾಡಿದ್ದು ಆಗಲೇ. ಮರೆತು ನಿಂತವನಿಗೆ ಮಾತು ಬೇಕಾಗಿರುತ್ತದೆಂದು ಅವಳು ನಂಬಿದ್ದಳು. ಅವನಿಗೆ ಬೇಕಾಗಿದ್ದದ್ದು ಯಾರೂ ನೋಡದಿರುವುದು. ಅವಳು ಪಕ್ಕದಿಂದ ಎತ್ತಿಕೊಟ್ಟಳು: "ನಿಮ್ಮ ಕೈ ನಿಂತರೆ ಈ ಗಿರಣಿ ನಿಲ್ಲುತ್ತೆ."

ಮೆಲ್ಲಗೇ ಹೇಳಿದ್ದು. ಆದರೆ ತುತ್ತೂರಿಯ 'ಮೆಲ್ಲಗೆ' ಹಾಲಿನ ಬಾಗಿಲಾಚೆ ನಿಂತ ಡ್ರೈವರಿಗೂ ಕೇಳಿಸಿತು. ಹೀರೋ ಎತ್ತಿಕೊಳ್ಳಲಿಲ್ಲ. ಇನ್ನೊಂದು ಸಾಲು ಕೊಟ್ಟಳು: "ನೀವು ನೇಯ್ದ ಬಟ್ಟೆ ಉಟ್ಟವರು ನಿಮ್ಮ ಮೈ ಮುಚ್ಚೋಕೆ ಬಿಡಲಿಲ್ಲ." ಅದನ್ನೂ ಎತ್ತಿಕೊಳ್ಳಲಿಲ್ಲ. ಹೀಗೆ ಕೊಡುತ್ತ ಕೊಡುತ್ತ ಅವಳಿಗೇ ಅಮ್ಮನ ಮಗ್ಗದ ಸಾಲು ಕಣ್ಣಿಗೆ ಕಟ್ಟಿ, ಇಡೀ ಭಾಷಣ ಅವಳ ಬಾಯಿಂದಲೇ ಮುಗಿಯಿತು. ಆಮೇಲೆ ಬಿದ್ದ ಚಪ್ಪಾಳೆ ಯಾರಿಗೆಂದು ಕುರುಡನಿಗೂ ಗೊತ್ತಾಗುತ್ತಿತ್ತು.

ಹೀರೋ ಮುಷ್ಟಿ ಇಳಿಸಿ, ಅವಳ ತಲೆ ಸವರಿ, ಮೈಕಿಗೆ ಬಾಗಿದ. "ನೋಡಿದ್ರಾ? ನಾನು ಹೇಳಿಕೊಟ್ಟಿದ್ದನ್ನ ಎಷ್ಟು ಚೆನ್ನಾಗಿ ಕಲಿತಿದಾಳೆ!" ನಿರ್ದೇಶಕ ಎಲ್ಲರಿಗಿಂತ ಜೋರಾಗಿ ನಕ್ಕ.

ಅದಾದ ಮೇಲೆ ಅವರ ಕಿವಿಗೆ ಅವಳ ದನಿ ಗಡಸಾಯಿತು. ಮಣ್ಣಿನ ದನಿ ಎಂದವನಿಗೆ ಅದರಲ್ಲಿ ಕಲ್ಲು ಸಿಕ್ಕಿತು. ಹೆಣ್ಣಿನ ದನಿ ಅಂದ್ರೆ ಕಿವಿ ಮೇಲೆ ಕೈಯಾಡಿಸಿದ ಹಾಗಿರಬೇಕಮ್ಮ ಎಂದು ಫೋನಿನಲ್ಲಿ ಪಾಠ ಹೇಳಿದ. ಅವಳ ಮಾತನ್ನು ಬೇರೆಯವರಿಂದ ಆಡಿಸಲಾಯಿತು. ಅದಕ್ಕೆ ಇವರು ಇಟ್ಟುಕೊಂಡ ಹೆಸರು ಕಂಠದಾನ. ಒಬ್ಬಳ ಕಂಠ ಕಿತ್ತು ಇನ್ನೊಬ್ಬಳದ್ದನ್ನು ಅಂಟಿಸುವುದಕ್ಕೆ ದಾನವೆಂದು ಕರೆಯಲು ಇವರಿಗೆ ನಾಚಿಕೆಯೂ ಆಗುವುದಿಲ್ಲ.

ಕೊನೆಗೊಂದು ದಿನ ಅವಳನ್ನೂ ಸ್ಟುಡಿಯೋಗೆ ಕರೆಸಿದರು. ಆಸೆಯಿಂದಲೇ ಹೋದಳು. ಹೊರಗಿನ ಬೆಂಚಿನ ಮೇಲೆ ಅವಳ ಬದಲು ಮಾತಾಡಿದ ಹೆಂಗಸು ಪೆಪ್ಪರ್‌ಮಿಂಟ್ ಚಪ್ಪರಿಸುತ್ತ ಕೂತಿದ್ದಳು.

"ನೀನೇನಾ? ಬೇಜಾರು ಮಾಡ್ಕೋಬೇಡ ತಂಗಿ. ನನ್ನದು ಹೊಟ್ಟೆಪಾಡು."

"ನಿಮ್ಮ ಮೇಲೆ ನನಗೇನಕ್ಕಾ ಬೇಜಾರು. ಮತ್ತೆ ನನ್ನನ್ನ ಯಾಕೆ ಕರೆಸಿದ್ರು?"

"ಅಳೋಕೆ. ಮಾತೆಲ್ಲಾ ನಾನು ಆಡಿಬಿಟ್ಟೆ. ಅಳು ಮಾತ್ರ ನನ್ನದು ಸಾಲಲ್ವಂತೆ, ನಿಂದು ಸಹಜವಾಗಿದೆಯಂತೆ."

ಒಳಗೆ ಗಾಜಿನಾಚೆ ನಿರ್ದೇಶಕ ಕಾಲು ಚಾಚಿ ಕೂತಿದ್ದ. "ಬಾಮ್ಮ, ಬಾ. ನೋಡು, ನಿನ್ನನ್ನ ಬಿಟ್ಟಿಲ್ಲ ನಾನು. ಅಳು ಪೂರ್ತಿ ನಿಂದೇ. ಪರದೆ ನೋಡ್ಕೊಂಡು ಬಿಕ್ಕು."

ಪರದೆಯ ಮೇಲೆ ಅವಳ ಮುಖ ಬಾಯಿ ತೆರೆದು ಮಾತಾಡಿತು. ಯಾರದೋ ಜೇನಿನಂಥ ದನಿ ಹೊರಟಿತು. ಆಮೇಲೆ ಅವಳ ಮುಖ ಅತ್ತಿತು; ಸದ್ದಿಲ್ಲ. ಆ ಖಾಲಿ ಜಾಗವನ್ನು ಅವಳು ತುಂಬಬೇಕಿತ್ತು. ತುತ್ತೂರಿ ಕಿವಿಗೆ ಹಾಕಿದ್ದ ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟಳು.

"ಅಳು ಬರ್ತಿಲ್ಲ ಸರ್."

"ಏನು ಧಿಮಾಕೇ ಇದು? ಯಾರನ್ನಾದ್ರೂ ನೆನೆಸ್ಕೋ. ನಿಮ್ಮ ಮನೇಲಿ ಕಷ್ಟಕ್ಕೇನು ಬರ?"

"ಕಷ್ಟ ಇದೆ ಸರ್. ನಿಮಗೆ ಕೊಡೋಕಿಲ್ಲ. ನಾನು ಮಾತಾಡೋದು ಬೇಡ ಅಂದ ಮೇಲೆ ಅಳೋದೂ ಬೇಡ."

"ಇಲ್ಲಿಂದ ಹೋದ್ರೆ ಯಾವ ಸೆಟ್ಟಲ್ಲೂ ನಿನ್ನ ನೆರಳು ಬೀಳಲ್ಲ, ತಿಳ್ಕೋ."

ಅವಳು ಬಾಗಿಲು ಎಳೆದುಕೊಂಡಳು. ಆ ವಾರವೇ ಅವನ ಮಾತು ಸುಳ್ಳಾಯಿತು: ಧಾರಾವಾಹಿಯವರೊಬ್ಬರು ಫೋನು ಮಾಡಿ ಮೂಗಿಯ ಪಾತ್ರವಿದೆ ಎಂದರು. "ಮೂಗಿಗೂ ಕಂಠದಾನ ಮಾಡಿಸ್ತೀರಾ ಸರ್?" ಎಂದು ಕೇಳಿದಳು. ಅವರು ಫೋನಿಟ್ಟರು.

ಚಿತ್ರ ಬಿಡುಗಡೆಯಾದಾಗ ಗಿರಣಿ ಬಾಗಿಲಲ್ಲಿ ಮೇಷ್ಟ್ರು ಬ್ಯಾನರ್ ಕಟ್ಟಿಸಿದರು. 'ನನ್ನ ಶಿಷ್ಯೆ' ಎಂಬ ಅಕ್ಷರದ ಪಕ್ಕ ಬಾಗಿಲಗಲದ ಮೇಷ್ಟ್ರು, ಮೂಲೆಯಲ್ಲಿ ಅಂಚೆಚೀಟಿಯಷ್ಟು ಶಿಷ್ಯೆ. ಮಗ್ಗದ ಸಾಲಿನವರೆಲ್ಲ ಒಟ್ಟಾಗಿ ಹೋಗುವುದೆಂದು ಅಮ್ಮನೇ ಹೊರಡಿಸಿದಳು. ತುತ್ತೂರಿ ಅಮ್ಮನೆದುರು ಬಂದು ನಿಂತಳು.

"ಅಮ್ಮಾ, ಅದರಲ್ಲಿ ನನ್ನ ದನಿ ಇಲ್ಲ."

ಅಮ್ಮ ತಲೆ ಬಾಚುವುದು ನಿಲ್ಲಿಸಿದಳು. "ಬಾಯಲ್ಲಿ ಹೇಳಿದ್ನಲ್ಲ ಅವನು."

"ಹೇಳಿದ್ದ."

"ಹಾಗಾದ್ರೆ ಬಾಯಿ ಅಲ್ಲ ಅದು, ಹರಕು ಜೇಬು." ಜಡೆ ಬಿಗಿದು ಎದ್ದಳು. "ನಡಿ. ಎಲ್ಲರಿಗೂ ಹೇಳಿಯಾಗಿದೆ."

ಹೆಂಗಸರು ಥಿಯೇಟರಿನ ಕೊನೇ ಸಾಲುಗಳನ್ನೆಲ್ಲ ತುಂಬಿದರು. ಮುಂದೆ ಮೇಷ್ಟ್ರು, ಅವರ ಸುತ್ತ ಗೋದಾಮಿನ ಮಕ್ಕಳು. ಪರದೆಯ ಮೇಲೆ ತುತ್ತೂರಿ ಬಂದಾಗ ಜೇನಿನ ದನಿ ಹರಿಯಿತು. ತುತ್ತೂರಿ ಕಣ್ಣು ಮುಚ್ಚಿಕೊಂಡಳು. ಅಮ್ಮ ಮೊಣಕೈಯಿಂದ ತಿವಿದಳು.

"ಕಣ್ಣು ಬಿಡೇ. 'ನಮ್ಮ ಕಿವಿ ಕಿತ್ಕೊಂಡವರು ನಮ್ಮ ಕೂಗು ಕೇಳೋದು ಯಾವಾಗ' ಅಂದ್ಯಲ್ಲ, ಚೆನ್ನಾಗಿ ಅಂದೆ."

ತುತ್ತೂರಿ ಅತ್ತಿತ್ತ ನೋಡಿದಳು. ಸಾಲಿನುದ್ದಕ್ಕೂ ಹೆಂಗಸರು ಅವಳ ತುಟಿಯನ್ನೇ ಓದುತ್ತಿದ್ದರು. ಜೇನು ಅವರ ಕಿವಿಯವರೆಗೆ ಬಂದೇ ಇರಲಿಲ್ಲ. ಅವಳು ಆಡಿದ ಒಂದೊಂದು ಅಕ್ಷರವೂ ಕೊನೇ ಬೆಂಚಿಗೆ ತಲುಪುತ್ತಿತ್ತು.

ಅಷ್ಟರಲ್ಲಿ ಹೀರೋ ಬಂದ. ಶಿಳ್ಳೆ ಬಿತ್ತು. ಮುಷ್ಟಿ ಎದ್ದಿತು, ನರ ಉಬ್ಬಿತು, ಕಣ್ಣು ಕೆಂಪಾಯಿತು, ಗುಡುಗಿನಂಥ ದನಿಯಲ್ಲಿ ಭಾಷಣ ಮೊಳಗಿತು. ಕೊನೇ ಸಾಲುಗಳಲ್ಲಿ ಮೊದಲು ಗೊಂದಲ, ಆಮೇಲೆ ಒಬ್ಬಳ ಮೊಣಕೈ ಇನ್ನೊಬ್ಬಳಿಗೆ ತಗಲಿತು. ಒಬ್ಬಳು ಸೆರಗನ್ನು ಬಾಯಿಗೆ ತುರುಕಿಕೊಂಡಳು. ಇನ್ನೊಬ್ಬಳಿಗೆ ತಡೆಯಲಾಗಲಿಲ್ಲ. ನಗು ಸಾಲಿನಿಂದ ಸಾಲಿಗೆ ಹಾರಿ, ಹೀರೋ ಎದೆ ಬಡಿದುಕೊಳ್ಳುವ ಹೊತ್ತಿಗೆ ಕುರ್ಚಿಗಳೇ ಕುಣಿಯುತ್ತಿದ್ದವು. ಮೇಷ್ಟ್ರು ತಿರುಗಿ, "ಶ್! ಕಲೆ ಕಣ್ರಮ್ಮಾ, ಕಲೆ!" ಎಂದು ಗದರಿದರು.

ಅಮ್ಮ ಮಾತ್ರ ನಗದೆ, ಹುಬ್ಬು ಗಂಟಿಕ್ಕಿ ಪರದೆಯನ್ನೇ ನೋಡುತ್ತಿದ್ದಳು. ಕಿವಿ ಮಂದವಾದವರಿಗೆ ತಮ್ಮ ದನಿಯ ಅಂದಾಜಿರುವುದಿಲ್ಲ. ಥಿಯೇಟರಿಗೆ ಥಿಯೇಟರೇ ಕೇಳುವಂತೆ ಮಗಳನ್ನು ಕೇಳಿದಳು:

"ಹದಿನಾರು, ಹದಿನೇಳು ಅಂತಿದಾನಲ್ಲೇ. ಎಣಿಸೋಕೆ ಅಷ್ಟೊಂದು ಕೋಪ ಯಾಕೆ ಇವನಿಗೆ?"