ಬೋಳುತಲೆಗೆ ಕುಂಕುಮ

ಅದು ೨೦೦೬ರ ಯುಗಾದಿ. ನೈರೋಬಿಯ ಕನ್ನಡ ಸಂಘಕ್ಕೆ ಜಪಾನಿನ ನರ್ತಕಿ ಚಿಜುರುವನ್ನು ಹಟ ಹಿಡಿದು ಕರೆಸಿದವಳು ಕೋಕಿಲಾ. ಮದುಮಗಳ ಬಿಳಿ ಕಿಮೊನೊ ಉಟ್ಟು ಬಂದ ಚಿಜುರು ಕುಣಿಯುತ್ತಲೇ ಮಾರುದ್ದದ ಕೂದಲಿಗೆ ಮೆಷಿನ್ ಹಾಕಿ ತಲೆ ಬೋಳಿಸಿಕೊಂಡಳು. ಗಂಡಿನವರು ಮೆಚ್ಚಲೆಂದು ಬೆಳೆಸಿದ ಕೂದಲು ತನಗೆ ಬೇಡವೆಂಬುದೇ ಆ ನೃತ್ಯದ ಅರ್ಥ. ಕೋಕಿಲಾಳ ಮೈ ಜುಮ್ಮೆಂದಿತು.

"ಹಬ್ಬದ ದಿನ ವಿಧವೆ ಥರ ತಲೆ ಬೋಳಿಸ್ಕೊಂಡ್ಲಲ್ರೀ! ಅಪಶಕುನ!" ಎನ್ನುತ್ತ ಹಿರಿಯಾಕೆ ಅಂಬುಜಮ್ಮ ಎದ್ದರು. ಉಳಿದವರೂ ಬಾಗಿಲಿಗೆ ನಡೆದು ಅಲ್ಲಿಂದ ತಿರುಗಿ ನೋಡುತ್ತ ನಿಂತರು.

ಕೊನೆಯಲ್ಲಿ ಕಲಾವಿದೆಗೆ ಕುಂಕುಮವಿಡುವುದು ಸಂಘದ ಪದ್ಧತಿ. ತಟ್ಟೆ ಕೋಕಿಲಾಳ ಕೈಯಲ್ಲೇ ಇತ್ತು. ಚಿಜುರು ನಗುತ್ತ ಹಣೆಯೊಡ್ಡಿದಳು.

"ಬೇಡ ಕೋಕಿಲಾ, ಎಲ್ಲ ನೋಡ್ತಿದಾರೆ. ಬಾ ಈಚೆ," ಎಂದ ಗಂಡ.

ಅವಳು ತಟ್ಟೆಗೆ ಸೆರಗು ಮುಚ್ಚಿ ಹಿಂದೆ ಸರಿದಳು. ಮದುವೆಯ ಮರುದಿನ ಇದೇ ಗಂಡ ನಾಟ್ಯದ ಗೆಜ್ಜೆ ಬಿಚ್ಚಿಡು ಎಂದಾಗಲೂ ಹೀಗೇ ಬಿಚ್ಚಿಟ್ಟಿದ್ದಳು.