ಶೀಲಕ್ಕನ ಹಲ್ಲು

೧೯೮೮ರ ಬೇಸಿಗೆ. ಮುಂಬಯಿಯ ಗೋರೆಗಾಂವ್‌ನ ಮದುವೆ ಹಾಲೊಂದರಲ್ಲಿ ಗದಿಗೆಪ್ಪನ ಕಣ್ಣಿಗೆ ಶೀಲಾವತಿ ಬಿದ್ದಳು. ಇಪ್ಪತ್ತೇಳು ವರ್ಷಗಳ ಹಿಂದೆ ಬೈಕುಲ್ಲಾದ ಚಾಳಿನಲ್ಲಿ ಎರಡೂ ಮನೆಯವರು ಅಕ್ಕಪಕ್ಕದ ಕೋಣೆಗಳಲ್ಲಿದ್ದರು. ಅವಳು ಯಾರದೋ ಮಾತಿಗೆ ಹಲ್ಲು ಬಿಟ್ಟು ನಗುತ್ತಿದ್ದಳು. ಗದಿಗೆಪ್ಪನ ಕಣ್ಣು ಅವಳ ಮುಂದಿನ ಹಲ್ಲಿನ ಮೇಲೆ ನಿಂತಿತು.

ಅದನ್ನು ಮುರಿದವನು ಅವನೇ. ಆಗ ಅವನಿಗೆ ಆರು ವರ್ಷ, ಅವಳಿಗೆ ಒಂಬತ್ತು. ಏನೋ ಜಗಳವಾಗಿ ಅವಳನ್ನು ಚಾಳಿನ ಮೆಟ್ಟಿಲಿನಿಂದ ದೂಡಿಬಿಟ್ಟಿದ್ದ. ಹಸಿರು ಲಂಗ, ಉರುಳಿದ ಕೊಡ, ಮೆಟ್ಟಿಲ ಮೇಲೆ ರಕ್ತ, ಎಲ್ಲವೂ ಕಣ್ಣಿಗೆ ಕಟ್ಟಿದಂತಿತ್ತು. ಹೆಂಡತಿಗೂ ಹೇಳಿರಲಿಲ್ಲ. ಮಗಳ ಹಾಲುಹಲ್ಲು ಬಿದ್ದ ದಿನ ಅವನಿಗೆ ಅನ್ನ ಸೇರಿರಲಿಲ್ಲ.

ಇವತ್ತು ತಪ್ಪೊಪ್ಪಿಕೊಂಡು ಮುಗಿಸಿಯೇಬಿಡೋಣವೆಂದು ಹತ್ತಿರ ಹೋದ.

“ಶೀಲಕ್ಕಾ, ನಿಮ್ಮ ಹಲ್ಲು ಮುರದಾಂವ ನಾನ. ಕಟ್ಟಿಸ್ಕೊಂಡಿದ್ದು ಭಾಳ ಚಂದ ಕೂತದರಿ. ಆದ್ರೂ ತಪ್ಪಾತು.”

“ಕಟ್ಟಿಸ್ಕೊಂಡಿದ್ದಾ?” ಶೀಲಾವತಿ ತಾಂಬೂಲದ ತಟ್ಟೆಯಿಂದ ಒಣಕೊಬ್ಬರಿ ತುಂಡೊಂದನ್ನೆತ್ತಿ ಕಟಕ್ಕನೆ ಕಡಿದಳು. “ಎಲ್ಲಾ ನನ್ನವ! ನಾಗವ್ವಕಾಕೂನ ಮಗ ಗದಿಗ್ಯಾ ಅಲ್ಲಾ ನೀ? ಖರೇ ಹೇಳಲೇನು, ನೀ ಬಾಗಲಾಗ ಬಂದಾಗನ ಗುರುತು ಹಿಡದು ನಾನ ಕಂಬದ ಹಿಂದ ಅಡಗಿದ್ದೆ. ಆವತ್ತ ಬಿದ್ದಾಂವ ನೀ. ದೂಡಿದಾಕಿ ನಾ.”

ಇಬ್ಬರೂ ತಪ್ಪು ತನ್ನದೇ ಎಂದು ಹಟ ಹಿಡಿದರು. ಕೊನೆಗೆ ಪಂಕ್ತಿಯಲ್ಲಿ ಕೂತಿದ್ದ ನಾಗವ್ವನ ಮುಂದೆ ಹೋಗಿ ನಿಂತರು.

“ಯಾರೂ ದೂಡಿಲ್ಲ,” ಎಂದಳು ನಾಗವ್ವ. “ಬಿದ್ದಾಕಿ ನಾ. ಹಸರು ಇಳಕಲ್ ಸೀರಿ ಉಟ್ಟಿದ್ದೆ. ಬಟ್ಟಿ ಒಗದ ಸಬಕಾರದ ನೀರಾಗ ಕಾಲು ಜಾರಿತು. ನೀವಿಬ್ರೂ ಮ್ಯಾಲ ನಿಂತು ಬಾಯಿ ಬಾಯಿ ಬಡಕೊಂಡು ಅಳತಿದ್ರಿ.”

ಗದ್ದ ಎತ್ತಿ ಕೆಳಗಿನ ಗಾಯದ ಕಲೆ ತೋರಿಸಿದಳು. ಗದಿಗೆಪ್ಪ ಅದನ್ನು ದಿನಾ ನೋಡುತ್ತಿದ್ದ. ಹೇಗಾಯಿತೆಂದು ಒಮ್ಮೆಯೂ ಕೇಳಿರಲಿಲ್ಲ. ಎದೆಯ ಮೇಲಿನ ಕಲ್ಲು ಇಳಿದರೂ, ತನ್ನದೆಂದು ಜೋಪಾನ ಮಾಡಿದ್ದನ್ನು ಯಾರೋ ಕಸಿದುಕೊಂಡಂತೆ ಅವನಿಗೆ ಕಸಿವಿಸಿಯಾಯಿತು. ಶೀಲಾವತಿಯಂತೂ ನಕ್ಕು ನಕ್ಕು ಕಣ್ಣೊರೆಸಿಕೊಳ್ಳುತ್ತಿದ್ದಳು.

“ನಗಬ್ಯಾಡ್ರಿ. ಇಷ್ಟು ವರ್ಷದಾಗ ನನಗ ಒಬ್ರಾದ್ರೂ ಕೇಳಿದ್ರೇನು, ನೋವಾತೇನವ್ವಾ ಅಂತ?” ಎಂದಳು ನಾಗವ್ವ.

ಇಬ್ಬರೂ ಅವಳ ಎಡಬಲಕ್ಕೆ ಕೂತು ಎಲೆ ಹಾಕಿಸಿಕೊಂಡರು. ಕೇಳುವವರು ಸಿಕ್ಕಿದ್ದೇ ತಡ, ನಾಗವ್ವ ಮೊದಲಿನಿಂದ ಶುರುಮಾಡಿದಳು. ಅನ್ನ ಬಡಿಸುವಾಗ ನಾಲ್ಕನೇ ಮೆಟ್ಟಿಲಿನಿಂದ ಬಿದ್ದಿದ್ದವಳು ಮಜ್ಜಿಗೆ ಬರುವಷ್ಟರಲ್ಲಿ ಎರಡನೇ ಮಾಳಿಗೆಯಿಂದ ಬಿದ್ದಿದ್ದಳು.